ಒಣಗಿದ್ದರೂ ಅದು ಹಳ್ಳವೇ: ‘ಅರೋಯೊ’ ಪದದ ಅನುವಾದ ಕುರಿತು

ಮಾನ್ಯ ಸಂಪಾದಕರಿಗೆ ನಮಸ್ಕಾರಗಳು.

ತಮ್ಮ ಪತ್ರಿಕೆಯ ಪುರವಣಿಯಲ್ಲಿ ಇತ್ತೀಚೆಗೆ ಅಮೆರಿಕದ ನೈರುತ್ಯ ಭಾಗದ ಮರುಭೂಮಿಗಳನ್ನು ಕುರಿತ ಅನುವಾದಿತ ಲೇಖನವೊಂದು ಪ್ರಕಟವಾಗಿತ್ತು. ಅದರಲ್ಲಿ, ಮಳೆ ಬಂದಾಗ ಮಾತ್ರ ನೀರು ಹರಿಯುವ ಅಲ್ಲಿನ ಪಾತ್ರಗಳಿಗೆ ಹೇಳುವ ‘ಅರೋಯೊ’ ಎಂಬ ಪದವನ್ನು ಒಂದು ಕಡೆ ‘ಒಣ ಕಂದಕ’ ಎಂದೂ ಇನ್ನೊಂದು ಕಡೆ ‘ತೊರೆ’ ಎಂದೂ ಮತ್ತೊಂದು ಕಡೆ ‘ಕಣಿವೆ’ ಎಂದೂ ಕನ್ನಡಿಸಲಾಗಿತ್ತು. ಅದೇ ದಿನದ ಜಿಲ್ಲಾ ಪುಟದಲ್ಲಿ ಬೈಕ್ ಸವಾರರೊಬ್ಬರು ‘ಹಳ್ಳಕ್ಕೆ ಬಿದ್ದು’ ಗಾಯಗೊಂಡ ಸುದ್ದಿ ಇತ್ತು. ಊರ ಹಳ್ಳದ ಸೇತುವೆಯಿಂದಲೇ ಬಿದ್ದರೇನೋ ಎಂದು ಗಾಬರಿಯಿಂದ ಓದಿದರೆ, ಅದು ಡಾಂಬರು ಕಿತ್ತುಹೋದ ರಸ್ತೆಯ ತಗ್ಗಿನ ವಿಷಯ. ಸೇಡಂ ತಾಲ್ಲೂಕಿನ ಶಾಲೆಗಳಲ್ಲಿ ಮೂರು ದಶಕ ಭೂಗೋಳ ಕಲಿಸಿದ ನನಗೆ ಈ ಎರಡೂ ಬರಹಗಳ ತೊಡಕು ಒಂದೇ ಎನಿಸಿತು. ನಮ್ಮ ಬಳಿ ‘ಅರೋಯೊ’ಕ್ಕೆ ಸರಿಸಮನಾದ ‘ಹಳ್ಳ’ ಎಂಬ ಪದವಿದೆ, ಅದನ್ನು ಬಳಸಬೇಕಾದ ಕಡೆ ಬಿಟ್ಟು, ಬಳಸಬಾರದ ಕಡೆ ಬಳಸಿದ್ದೇವೆ.

‘ಅರೋಯೊ’ ಇಂಗ್ಲಿಷಿಗೆ ಸ್ಪ್ಯಾನಿಷ್‌ನಿಂದ ಬಂದ ಪದ. ಸ್ಪೇನಿನಲ್ಲಿ ಅದರ ಮೊದಲ ಅರ್ಥ ನೀರು ಹರಿಯುವ ಸಣ್ಣ ತೊರೆ. ಹೆಚ್ಚುಕಡಿಮೆ ಸದಾಕಾಲ ಹರಿಯುವ ಕಿರುಹರಿವು ಎಂಬ ಅರ್ಥವನ್ನೇ ಅಲ್ಲಿನ ಅಕಾಡೆಮಿಯ ನಿಘಂಟು ಮುಂದಿಡುತ್ತದೆ. ಆ ನೀರು ಹರಿಯುವ ಪಾತ್ರಕ್ಕೂ ಅದೇ ಹೆಸರು. ಊರೊಳಗೆ, ಬೀದಿಯಲ್ಲಿ ಮಳೆನೀರು ಹರಿದುಹೋಗುವ ಜಾಗಕ್ಕೂ ಅದೇ ಪದ ಸಲ್ಲುತ್ತದೆ. ಅಲ್ಲಿಂದ ಬೀದಿಪಾಲಾದ ಬದುಕು ಎಂಬ ಅರ್ಥವೂ ಬೆಳೆದು, ಒಬ್ಬರನ್ನು ‘ಅರೋಯೊದಿಂದ ಎತ್ತಿದರು’ ಎಂದರೆ ದಿಕ್ಕಿಲ್ಲದ ಸ್ಥಿತಿಯಿಂದ ಪಾರುಮಾಡಿದರು ಎಂದಾಗುತ್ತದೆ. ದಕ್ಷಿಣ ಅಮೆರಿಕದಲ್ಲಿ ದೋಣಿ ಸಾಗುವಷ್ಟು ನೀರಿರುವ ಚಿಕ್ಕ ನದಿಯನ್ನೂ ಅರೋಯೊ ಎನ್ನುವುದುಂಟು. ಬ್ಯೂನಸ್ ಐರಿಸ್ ನಗರದ ಮಾಲ್ಡೊನಾಡೊ ಎಂಬ ಅರೋಯೊ ಇಂದು ಹುವಾನ್ ಬಿ. ಹುಸ್ಟೊ ಹೆಸರಿನ ದೊಡ್ಡ ರಸ್ತೆಯ ಅಡಿಯಲ್ಲಿ ಮುಚ್ಚಿದ ಕಾಲುವೆಯಾಗಿ ಹರಿಯುತ್ತದೆ, ಜೋರು ಮಳೆಗಳಲ್ಲಿ ಆ ರಸ್ತೆಯೇ ನೀರಲ್ಲಿ ಮುಳುಗಿದ ದಿನಗಳಿವೆ. ಪತ್ರಿಕೆ ಓದುವವರಿಗೆ ಈ ಪದ ಮನೆತನದ ಹೆಸರಾಗಿಯೂ ಪರಿಚಿತ: ಸ್ಪೇನಿನ ಆಳ್ವಿಕೆ ಕಂಡ ಫಿಲಿಪ್ಪೀನ್ಸ್ ದೇಶಕ್ಕೆ 2001ರಿಂದ 2010ರವರೆಗೆ ಅಧ್ಯಕ್ಷೆಯಾಗಿದ್ದವರು ಗ್ಲೋರಿಯಾ ಮಕಪಗಾಲ್ ಅರೋಯೊ. ನಮ್ಮ ಉತ್ತರ ಕರ್ನಾಟಕದಲ್ಲಿ ‘ಹಳ್ಳದ’ ಎಂಬ ಅಡ್ಡಹೆಸರಿನ ಮನೆತನಗಳಿರುವಂತೆಯೇ ಇದು.

ಈ ಪದದ ಬೇರು ಇನ್ನೂ ಆಳಕ್ಕೆ ಹೋಗುತ್ತದೆ. ಕ್ರಿ.ಶ. ಒಂದನೆಯ ಶತಮಾನದ ರೋಮನ್ ಲೇಖಕ ಪ್ಲಿನಿ ಸ್ಪೇನಿನ ಚಿನ್ನದ ಗಣಿಗಾರಿಕೆಯನ್ನು ವರ್ಣಿಸುವಾಗ, ದೀಪದ ಬೆಳಕಿನಲ್ಲಿ ಬೆಟ್ಟದೊಳಗೆ ಬಹುದೂರ ಕೊರೆದ ಸುರಂಗಗಳನ್ನು ‘ಅರ್ರೂಗಿಯಾ’ ಎಂದು ಕರೆಯುತ್ತಾರೆಂದು ಬರೆದಿದ್ದಾನೆ. ಅದು ರೋಮನ್ನರಿಗಿಂತ ಹಿಂದಿನ ಅಲ್ಲಿಯ ನೆಲದ ನುಡಿ ಎಂದೂ ಅರೋಯೊ ಅದರಿಂದಲೇ ಬಂದಿದೆ ಎಂದೂ ಭಾಷಾತಜ್ಞರು ಹೇಳುತ್ತಾರೆ. ಅಂದರೆ ಮೊದಲು ಕೊರೆದ ಪೊಳ್ಳು, ಆಮೇಲೆ ಅದರಲ್ಲಿ ಹರಿಯುವ ನೀರು.

1846ರಿಂದ 1848ರವರೆಗಿನ ಯುದ್ಧದ ನಂತರ ಮೆಕ್ಸಿಕೊದ ವಿಶಾಲ ಪ್ರದೇಶಗಳು ಅಮೆರಿಕ ಸಂಯುಕ್ತ ಸಂಸ್ಥಾನದ ವಶವಾದವು. ತೇವವಿರುವ ಪೂರ್ವ ಭಾಗದಿಂದ ಅಲ್ಲಿಗೆ ಬಂದ ಇಂಗ್ಲಿಷ್ ಮಾತಿನವರ ಬಳಿ ಆ ಒಣ ನೆಲವನ್ನು ಹೆಸರಿಸುವ ಪದಗಳು ಸಾಲದಾದವು. ಅವರು ಸ್ಥಳೀಯರಿಂದ ಮೇಜು ಎಂಬರ್ಥದ ‘ಮೆಸಾ’ವನ್ನು ಚಪ್ಪಟೆ ತಲೆಯ ಗುಡ್ಡಕ್ಕೂ, ಕಡಲತೀರ ಎಂಬರ್ಥದ ‘ಪ್ಲಾಯಾ’ವನ್ನು ಒಣಗಿದ ಕೆರೆಯಂಗಳಕ್ಕೂ ಎರವಲು ಪಡೆದರು. ಅರೋಯೊವನ್ನೂ ಹಾಗೆಯೇ ಪಡೆದರು. ಅವರು ಕಂಡ ಅರೋಯೊಗಳಲ್ಲಿ ವರ್ಷದ ಬಹುಭಾಗ ನೀರಿರುತ್ತಿರಲಿಲ್ಲ. ಕಣ್ಣಿಗೆ ಕಾಣುತ್ತಿದ್ದದ್ದು ಮರಳು ತುಂಬಿದ ತಳ ಮತ್ತು ಎರಡು ಬದಿಯ ಕಡಿದಾದ ಮಣ್ಣಿನ ದಂಡೆ. ಹೀಗೆ ಸ್ಪೇನಿನಲ್ಲಿ ಹರಿವ ನೀರಾಗಿದ್ದ ಪದ ಇಂಗ್ಲಿಷಿನಲ್ಲಿ ಬರಿದಾದ ಪಾತ್ರವಾಯಿತು. ಮೆಕ್ಕಲು ಮಣ್ಣಿನಲ್ಲಿ ಕೊರೆದುಕೊಂಡ, ದಂಡೆ ನೆಟ್ಟಗೂ ತಳ ಸಪಾಟಾಗಿಯೂ ಇರುವ, ಮಳೆ ಬಂದಾಗ ಮಾತ್ರ ಹರಿಯುವ ಪಾತ್ರ ಎಂದು ಭೂವಿಜ್ಞಾನಿಗಳು ಅದನ್ನು ಮತ್ತಷ್ಟು ಬಿಗಿಗೊಳಿಸಿದರು. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಅಲ್ಲಿನ ಎಷ್ಟೋ ಹರಿವುಗಳು ಹಠಾತ್ತನೆ ತಳ ಕೊರೆದುಕೊಂಡು ಆಳಕ್ಕಿಳಿದವು. ಅರಿಜೋನಾದ ಟೂಸಾನ್ ಬಳಿ ಸಾಂತಾ ಕ್ರೂಜ್ ನದಿ 1890ರ ನೆರೆಗಳಲ್ಲಿ ಹಾಗೆ ಕೊರೆದುಕೊಂಡಿತು. ದನಗಳ ಅತಿಯಾದ ಮೇಯುವಿಕೆ, ಮಳೆಯ ರೀತಿಯಲ್ಲಾದ ಬದಲಾವಣೆ, ಜನ ತೋಡಿದ ಕಾಲುವೆಗಳು ಇವುಗಳಲ್ಲಿ ಯಾವುದು ಮುಖ್ಯ ಕಾರಣ ಎಂಬ ಚರ್ಚೆ ವಿದ್ವಾಂಸರಲ್ಲಿ ಬಹುಕಾಲ ನಡೆಯಿತು.

ನನ್ನ ವಾದಕ್ಕೆ ಬಲವಾದ ಸಾಕ್ಷಿ ಕ್ಯಾಲಿಫೋರ್ನಿಯಾದಲ್ಲಿದೆ. ಲಾಸ್ ಏಂಜಲಿಸ್ ಮತ್ತು ಪಾಸಡೀನಾ ನಡುವೆ ಇಳಿಯುವ ಹರಿವೊಂದಕ್ಕೆ ಸ್ಪ್ಯಾನಿಷ್ ಮಾತಿನವರು ಇಟ್ಟ ಹೆಸರು ‘ಅರೋಯೊ ಸೆಕೊ’. ‘ಸೆಕೊ’ ಎಂದರೆ ಒಣ. ಅರೋಯೊ ಎಂಬ ಮಾತಿನಲ್ಲೇ ಒಣತನ ಅಡಗಿದ್ದರೆ ಅದನ್ನು ಬೇರೆಯಾಗಿ ಹೇಳುವ ಅಗತ್ಯ ಇರುತ್ತಿರಲಿಲ್ಲ. ಹೆಸರಿಟ್ಟವರಿಗೆ ಅದು ಮೊದಲು ಹಳ್ಳ, ಆಮೇಲೆ ಒಣಗಿದ ಹಳ್ಳ. ಹೆಸರು ‘ಒಣ’ ಎಂದಿದ್ದರೂ ಅದು ಒಣಗಿಯೇ ಉಳಿಯಲಿಲ್ಲ. 1914ರಲ್ಲಿ ಲಾಸ್ ಏಂಜಲಿಸ್ ಸುತ್ತಮುತ್ತ ಭಾರಿ ನೆರೆ ಬಂದು, 1915ರಲ್ಲಿ ನೆರೆ ನಿಯಂತ್ರಣಕ್ಕೆಂದೇ ಪ್ರತ್ಯೇಕ ಆಡಳಿತ ವ್ಯವಸ್ಥೆ ಮಾಡಬೇಕಾಯಿತು. 1920ರಲ್ಲಿ ಇದೇ ಅರೋಯೊ ಸೆಕೊಗೆ ಅಡ್ಡಲಾಗಿ ಡೆವಿಲ್ಸ್ ಗೇಟ್ ಅಣೆಕಟ್ಟು ನಿಂತಿತು. ಅಣೆಕಟ್ಟಿನ ಕೆಳಗೆ 1922ರಲ್ಲಿ ರೋಸ್ ಬೌಲ್ ಕ್ರೀಡಾಂಗಣ ಬಂತು, 1940ರಲ್ಲಿ ಅದರ ಗುಂಟ ಮೋಟಾರು ಹೆದ್ದಾರಿ ತೆರೆಯಿತು. ನ್ಯೂ ಮೆಕ್ಸಿಕೊದ ಆಲ್ಬುಕರ್ಕಿ ನಗರದಲ್ಲಿ 1963ರಲ್ಲಿ ಸ್ಥಾಪನೆಯಾದ ಸಂಸ್ಥೆಯ ಹೆಸರಿನಲ್ಲೇ ‘ಅರೋಯೊ’ ಮತ್ತು ‘ನೆರೆ ನಿಯಂತ್ರಣ’ ಎರಡೂ ಒಟ್ಟಿಗಿವೆ. ಅಲ್ಲಿನ ಮಕ್ಕಳಿಗೆ ಒಣಗಿರುವ ಕಾಲುವೆಗಳಿಗೆ ಇಳಿಯಬೇಡಿ, ಅವು ಪ್ರಾಣ ತೆಗೆಯುತ್ತವೆ ಎಂದು ವರ್ಷವರ್ಷವೂ ತಿಳಿಹೇಳುತ್ತಾರೆ. ನೀರನ್ನು ಕಳೆದುಕೊಂಡಿದ್ದ ಪದಕ್ಕೆ ಅಲ್ಲಿನ ಜನ ಅನುಭವದಿಂದ ನೀರನ್ನು ಮರಳಿ ತುಂಬಿಕೊಂಡಿದ್ದಾರೆ.

ಈಗ ನಮ್ಮ ‘ಹಳ್ಳ’ಕ್ಕೆ ಬರುತ್ತೇನೆ. ಹಳೆಗನ್ನಡದಲ್ಲಿ ಇದು ‘ಪಳ್ಳ’. ತಮಿಳಿನ ‘ಪಳ್ಳಂ’ ಇದರ ಒಡಹುಟ್ಟು, ಅಲ್ಲಿ ಅದರ ಅರ್ಥ ತಗ್ಗು ನೆಲ, ಗುಂಡಿ. ಕನ್ನಡದಲ್ಲಿ ಗುಂಡಿ ಎಂಬ ಅರ್ಥವೂ ಉಳಿದು, ಹರಿಯುವ ನೀರು ಎಂಬ ಅರ್ಥವೂ ಬೆಳೆಯಿತು. ಸ್ಪೇನಿನ ಪದ ಸುರಂಗದಿಂದ ತೊರೆಗೆ ಬಂದ ಹಾಗೆಯೇ ನಮ್ಮ ಪದ ತಗ್ಗಿನಿಂದ ತೊರೆಗೆ ಬಂದಿದೆ. ಅಲ್ಲಿಯ ಪದ ಬೀದಿಪಾಲಾದ ಬದುಕನ್ನು ಸೂಚಿಸುವಂತೆ ಇಲ್ಲಿಯೂ ಕೆಟ್ಟುಹೋದ ಕೆಲಸವನ್ನು ‘ಹಳ್ಳ ಹಿಡಿಯಿತು’ ಎನ್ನುತ್ತೇವೆ. ಇಷ್ಟು ಹೊಂದಿಕೆಯಿರುವ ಎರಡು ಪದಗಳು ಇಷ್ಟು ದೂರದ ಎರಡು ಭಾಷೆಗಳಲ್ಲಿ ಸಿಗುವುದು ಅಪರೂಪ. ಬೆಂಗಳೂರು, ಮೈಸೂರು ಕಡೆಯವರು ರಸ್ತೆಯ ಗುಂಡಿಯನ್ನು ಹಳ್ಳ ಎನ್ನುವುದನ್ನು ನಾನು ತಪ್ಪೆಂದು ಹೇಳಲಾರೆ. ಅದು ಪದದ ಹಳೆಯ ಅರ್ಥವೇ. ಮಲೆನಾಡಿನವರ ಹಳ್ಳ ವರ್ಷವಿಡೀ ಹರಿಯುತ್ತದೆ. ಆದರೆ ಕಲಬುರಗಿ, ಬೀದರ, ಯಾದಗಿರಿಯಲ್ಲಿ ಹಳ್ಳ ಎಂದರೆ ಮಳೆಗಾಲದಲ್ಲಿ ತುಂಬಿ ಬಂದು ಬೇಸಿಗೆಯಲ್ಲಿ ಬತ್ತುವ ಹರಿವು. ರಸ್ತೆಯಲ್ಲಿರುವುದು ತಗ್ಗು. ಈ ಎರಡನ್ನು ನಮ್ಮವರು ಯಾರೂ ಬೆರೆಸುವುದಿಲ್ಲ.

‘ನಾಲಾ’ ಎಂಬ ಪದದಲ್ಲೂ ಇಂಥದೇ ಗೊಂದಲವಿದೆ. 1948ರವರೆಗೆ ನಿಜಾಮರ ಆಳ್ವಿಕೆಯಲ್ಲಿದ್ದ ನಮ್ಮ ಭಾಗದ ಕಚೇರಿ ಭಾಷೆಯಲ್ಲಿ ಅದು ತಾನಾಗಿ ಹರಿಯುವ ಹಳ್ಳಕ್ಕೆ ನಿಂತಿತು. ಗಂಡೋರಿ ನಾಲಾ, ಚುಳಕಿ ನಾಲಾ ಎಂಬ ನೀರಾವರಿ ಯೋಜನೆಗಳ ಹೆಸರಿನಲ್ಲಿ ಇರುವುದು ಆ ಅರ್ಥವೇ. ಮಂಡ್ಯದ ರೈತನಿಗೆ ‘ನಾಲೆ’ ಎಂದರೆ ಮನುಷ್ಯರು ತೋಡಿದ ಕಾಲುವೆ. ರಾಜಧಾನಿಯಲ್ಲಿ ಕುಳಿತು ನಮ್ಮ ಸುದ್ದಿಯನ್ನು ತಿದ್ದುವವರು ಒಂದನ್ನು ಇನ್ನೊಂದಾಗಿ ಬದಲಿಸಿದರೆ ಸುದ್ದಿಯ ಅರ್ಥವೇ ತಿರುವುಮುರುವಾಗುತ್ತದೆ.

ಪದದ ವಿಷಯಕ್ಕೆ ಇಷ್ಟು ದೊಡ್ಡ ಪತ್ರ ಏಕೆಂದು ತಮಗೆ ಅನಿಸಬಹುದು. ನನ್ನ ಊರಿಗೂ ನಾನು ಕಲಿತ ಶಾಲೆಗೂ ನಡುವೆ ಕಾಗಿಣಾ ನದಿಗೆ ಸೇರುವ ಒಂದು ಹಳ್ಳವಿತ್ತು. ಒಂದು ಮಧ್ಯಾಹ್ನ, ನೆತ್ತಿಯ ಮೇಲೆ ಬಿಸಿಲಿದ್ದಾಗ, ನಾವು ಹುಡುಗರು ಕಾಲಿನ ಹಿಮ್ಮಡವೂ ನೆನೆಯದ ಆ ಹಳ್ಳದ ಮರಳಿನಲ್ಲಿ ಆಡುತ್ತ ನಿಂತಿದ್ದೆವು. ದಂಡೆಯ ಮೇಲಿದ್ದ ಕುರಿಗಾರ ಮುದುಕರೊಬ್ಬರು, “ಮ್ಯಾಲ ಮಳಿ ಆಗ್ಯದ, ಹಳ್ಳ ಬರ್ತದ, ಲಗೂ ಮ್ಯಾಕ ಬರ್ರಿ” ಎಂದು ಕೂಗಿದರು. ನಾವು ದಂಡೆ ಹತ್ತಿ ಬಹಳ ಹೊತ್ತಾಗಿರಲಿಲ್ಲ, ಜಾಲಿಕಂಟಿ ಹೊತ್ತ ಕೆಂಪು ನೀರು ಸದ್ದು ಮಾಡುತ್ತ ಬಂದು ನಾವು ನಿಂತಿದ್ದ ಜಾಗವನ್ನು ಮುಚ್ಚಿತು. ಅವರ ಮಾತಿನ ರೀತಿಯನ್ನು ಗಮನಿಸಬೇಕು. ನಾವು ನಿಂತಿದ್ದೇ ಹಳ್ಳದಲ್ಲಿ, ಆದರೂ ಅವರು ಹಳ್ಳ ‘ಬರುತ್ತದೆ’ ಎಂದರು. ನಮ್ಮ ಭಾಗದ ಮಾತಿನಲ್ಲಿ ಹಳ್ಳ ಎಂದರೆ ಖಾಲಿ ಪಾತ್ರವೂ ಹೌದು, ಅದರೊಳಗೆ ಬರಲಿರುವ ನೀರೂ ಹೌದು. ಬೇಸಿಗೆಯಲ್ಲಿ ಅದೇ ಮರಳನ್ನು ಬಗೆದು ನಮ್ಮ ತಾಯಂದಿರು ವರತಿ ತೋಡಿ, ಬಟ್ಟಲಿನಿಂದ ಕೊಡಕ್ಕೆ ಕುಡಿಯುವ ನೀರು ತುಂಬುತ್ತಿದ್ದರು. ಮೇಲೆ ಒಣಗಿದ್ದ ಹಳ್ಳ ಕೆಳಗೆ ಒಣಗಿರುತ್ತಿರಲಿಲ್ಲ. ಇಂಥದನ್ನು ‘ಒಣ ಕಂದಕ’ ಎಂದು ಬರೆದರೆ ಬಂದ ನೀರೂ ಇದ್ದ ನೀರೂ ಎರಡೂ ಮಾತಿನಿಂದ ಹೊರಗುಳಿಯುತ್ತವೆ.

ಮಾತಿನಿಂದ ಹೊರಗುಳಿದದ್ದು ನೆಲದ ಮೇಲಿಂದಲೂ ಕಾಣೆಯಾಗುವುದನ್ನು ನಾನು ಕಂಡಿದ್ದೇನೆ. ಪಹಣಿಯಲ್ಲಿ ಹಳ್ಳದ ಜಾಗ ‘ಖರಾಬು’ ಎಂದು ದಾಖಲಾಗಿರುತ್ತದೆ. ಕಂದಾಯ ನಿಯಮದ ಪ್ರಕಾರ ಜನರ ಉಪಯೋಗದ ದಾರಿ, ಕೆರೆ, ಹಳ್ಳಗಳು ‘ಬ’ ಖರಾಬಿಗೆ ಸೇರುತ್ತವೆ. ಅವು ಯಾವ ಖಾತೆದಾರನ ಸ್ವತ್ತೂ ಅಲ್ಲ. ಆದರೆ ಖರಾಬು ಎಂದರೆ ಕೆಟ್ಟದ್ದು, ಕೆಲಸಕ್ಕೆ ಬಾರದ್ದು ಎಂದೇ ಸಾಮಾನ್ಯರು ತಿಳಿಯುತ್ತಾರೆ. ಹತ್ತು ತಿಂಗಳು ನೀರಿಲ್ಲದ, ಕಾಗದದಲ್ಲಿ ‘ಕೆಟ್ಟ’ ಎಂದು ಬರೆದ ನೆಲವನ್ನು ಮುರುಮು ಸುರಿದು ಸಮ ಮಾಡಿ, ನಿವೇಶನಗಳಾಗಿ ಮಾರಿದ ಪ್ರಸಂಗ ನನ್ನ ಕಣ್ಣೆದುರಿಗೇ ನಡೆದಿದೆ. ಅಲ್ಲಿ ಮನೆ ಕಟ್ಟಿಸಿದವರು ನನ್ನ ಹಳೆಯ ವಿದ್ಯಾರ್ಥಿಯ ಕುಟುಂಬದವರು. 2020ರ ಅಕ್ಟೋಬರಿನಲ್ಲಿ ಭೀಮೆ ಉಕ್ಕಿ, ಜಿಲ್ಲೆಯ ಹಳ್ಳಗಳೆಲ್ಲ ಒಮ್ಮೆಲೇ ಬಂದಾಗ ಅವರ ಮನೆಯೊಳಗೆ ಎದೆಮಟ್ಟ ನೀರು ನಿಂತಿತು. ಮಾರಿದವರು ಅದನ್ನು ‘ತಗ್ಗು ಜಾಗ’ ಎಂದು ಹೇಳಿದ್ದರಂತೆ. ಹಳ್ಳ ಎಂದು ಹೇಳಿರಲಿಲ್ಲ. ಎರೆಮಣ್ಣು ಒಮ್ಮೆ ನೆನೆದ ಮೇಲೆ ನೀರನ್ನು ಬೇಗ ಇಂಗಿಸಿಕೊಳ್ಳುವುದಿಲ್ಲ. ಬಿದ್ದ ಮಳೆ ತನ್ನ ಹಳೆಯ ದಾರಿಯನ್ನೇ ಹಿಡಿಯುತ್ತದೆ.

ಆದ್ದರಿಂದ ತಮ್ಮಲ್ಲಿ ನನ್ನ ವಿನಂತಿ ಇಷ್ಟು. ಲೇಖನಗಳಲ್ಲಿ ಅರೋಯೊ ಬಂದಾಗ ಅದನ್ನು ‘ಹಳ್ಳ’ ಎಂದೇ ಕನ್ನಡಿಸಬೇಕು. ಭೂವಿಜ್ಞಾನದ ಬಿಗಿಯಾದ ಅರ್ಥ ಬೇಕಾದರೆ ‘ಕೊರೆದ ಹಳ್ಳ’ ಎನ್ನಬಹುದು, ನೀರಿಲ್ಲದ ಸ್ಥಿತಿಯನ್ನು ಹೇಳಬೇಕಾದರೆ ‘ಒಣಹಳ್ಳ’ ಎನ್ನಬಹುದು. ಅರೋಯೊ ಸೆಕೊ ಎಂಬ ಹೆಸರಿನ ತಿರುಳೂ ಅದೇ. ಕಣಿವೆ ಎಂಬ ಪದವನ್ನು ಬೆಟ್ಟಗಳ ನಡುವಿನ ವಿಶಾಲ ತಗ್ಗಿಗೆ ಬಿಟ್ಟುಕೊಡಬೇಕು. ನಮ್ಮ ಮೂರು ಜಿಲ್ಲೆಗಳ ಪುಟಗಳಲ್ಲಿ ರಸ್ತೆಯ ವಿಷಯ ಬರೆಯುವಾಗ ‘ತಗ್ಗು’ ಅಥವಾ ‘ಗುಂಡಿ’ ಎಂದು ಬರೆಯಬೇಕು. ನಮ್ಮ ವರದಿಗಾರರು ‘ನಾಲಾ’ ಎಂದು ಕಳಿಸಿದ್ದನ್ನು ‘ನಾಲೆ’ ಎಂದು ತಿದ್ದದೆ ಬಿಡಬೇಕು. ಒತ್ತುವರಿಯ ಸುದ್ದಿಗಳಲ್ಲಿ ‘ಖರಾಬು ಜಾಗ’ ಎಂದಷ್ಟೇ ಬರೆಯದೆ, ಅದು ಹಳ್ಳವಾಗಿದ್ದರೆ ಹಳ್ಳ ಎಂದೂ, ಅದರ ಹೆಸರು ಇಂಥದು ಎಂದೂ, ಮುಂದೆ ಯಾವ ನದಿಗೆ ಸೇರುತ್ತದೆ ಎಂದೂ ಒಂದು ಸಾಲು ಸೇರಿಸಬೇಕು.

ಮಳೆಗಾಲದ ಸುದ್ದಿಗಳಲ್ಲಿ ‘ಸಂಪರ್ಕ ಕಡಿತ’, ‘ಸಂಚಾರ ಅಸ್ತವ್ಯಸ್ತ’ ಎಂಬ ತಲೆಬರಹಗಳ ಬದಲು, ಯಾವ ಊರಿನ ಬಳಿ ಎಂದು ಹೇಳಿ ‘ಹಳ್ಳ ಬಂದಿದೆ’ ಎಂದು ಬರೆಯಿರಿ. ಆ ಎರಡು ಪದ ಓದಿದ ನಮ್ಮ ಭಾಗದ ಯಾರೂ ಆ ದಾರಿಗೆ ಗಾಡಿ ಇಳಿಸುವುದಿಲ್ಲ.

ತಮ್ಮ ವಿಶ್ವಾಸಿ,
ನಿವೃತ್ತ ಭೂಗೋಳ ಶಿಕ್ಷಕ
ಸೇಡಂ, ಕಲಬುರಗಿ ಜಿಲ್ಲೆ