ಕ್ಲೈಮ್ಯಾಕ್ಸ್‌ವರೆಗೆ ಕಾಯಬೇಡ ಪುಟ್ಟು

ಬಳ್ಳಾರಿ, ಸೋಮವಾರ ರಾತ್ರಿ

ಚಿರಂಜೀವಿ ಪುಟ್ಟುವಿಗೆ ನಿನ್ನ ಅತ್ತೆಯ ಆಶೀರ್ವಾದಗಳು.

ನಾವಿಲ್ಲಿ ಚೆನ್ನಾಗಿದ್ದೇವೆ. ನಿಮ್ಮ ಮಾವನಿಗೆ ಮಂಡಿನೋವು, ಅದು ಇದ್ದದ್ದೇ. ನಿನ್ನೆ ನೀನು ಒಬ್ಬ ಹುಡುಗಿಯನ್ನು ಇಷ್ಟಪಟ್ಟಿದ್ದೀನಿ ಅಂತ ಫೋನಿನಲ್ಲಿ ಹೇಳಿದ್ದು ಕೇಳಿ ಮೊದಲು ಖುಷಿಯಾಯಿತು. ಆಮೇಲೆ ನಿದ್ದೆ ಬರಲಿಲ್ಲ. ಹುಡುಗಿ ತೆಲುಗಿನವಳು ಅಂತ ಅಲ್ಲ. ಬಳ್ಳಾರಿಯಲ್ಲಿ ಹುಟ್ಟಿದವರಿಗೆ ಅದೊಂದು ವಿಷಯವೇ? 1953ರವರೆಗೆ ಮದ್ರಾಸಿಗೆ ಸೇರಿದ್ದ ಊರು ಇದು. ಸಂತೆಗೆ ಹೋದರೆ ಇವತ್ತಿಗೂ ತೆಲುಗು ಕಿವಿಗೆ ಬೀಳುತ್ತದೆ. ನಮ್ಮ ಪುಂಡಿಪಲ್ಯವೇ ಅವರ ಗೋಂಗೂರ. ನಿದ್ದೆ ಕೆಡಿಸಿದ್ದು ನಿನ್ನ ಪ್ಲಾನು. ದಸರೆಗೆ ಅವಳನ್ನು ಸೀದಾ ಮನೆಗೇ ಕರ್ಕೊಂಡು ಬರ್ತೀನಿ, ಒಂದು ವಾರ ಇರಲಿ, ಅಪ್ಪ ತಾನಾಗೇ ಒಪ್ತಾರೆ, ತೆಲುಗು ಸಿನಿಮಾ 'ಬೊಮ್ಮರಿಲ್ಲು' ಥರ ಅಂದೆಯಲ್ಲ, ಅದು.

ಆ ಸಿನಿಮಾ 2006ರಲ್ಲಿ ಬಂದಾಗ ನೀನಿನ್ನೂ ಸಣ್ಣವನು. ಜೆನಿಲಿಯಾ ಮಾತಾಡಿದ ಹಾಗೆ ಮಾತಾಡಿ ನಿಮ್ಮಕ್ಕ ಎಲ್ಲರ ತಲೆ ತಿಂದಿದ್ದಳು. ನಾನೂ ನಾಲ್ಕು ಸಲ ನೋಡಿದ್ದೇನೆ. ನಿನಗೆ ಮಾತ್ರ ಅದು ಅರ್ಧ ಮರೆತುಹೋಗಿದೆ. ಆ ಒಂದು ವಾರದಿಂದ ಅಲ್ಲಿ ಯಾರೂ ಒಪ್ಪುವುದಿಲ್ಲ ಪುಟ್ಟು! ಜೆನಿಲಿಯಾ ಮಾಡಿದ ಹಾಸಿನಿ ಕಾಲೇಜ್ ಟೂರ್ ಅಂತ ಅಪ್ಪನಿಗೆ ಸುಳ್ಳು ಹೇಳಿ ಹುಡುಗನ ಮನೆಗೆ ಬಂದಿರುತ್ತಾಳೆ. ತನ್ನ ಮನೆಯೊಳಗೆ ಆ ಹುಡುಗನೇ ಬೇರೆ ಮನುಷ್ಯನಾಗಿಬಿಡುತ್ತಾನೆ. ಹೊರಗೆ ಯಾವುದಕ್ಕೆ ಮರುಳಾಗಿದ್ದನೋ ಅದೇ ಮನೆಯಲ್ಲಿ ತಪ್ಪಾಗಿ ಕಾಣತೊಡಗುತ್ತದೆ. ಅವಳು ಬೇಸತ್ತು ಎದ್ದು ಹೋಗುತ್ತಾಳೆ. ಮನೆ ಬದಲಾಗುವುದು ಆಮೇಲೆ, ಆ ಹುಡುಗ ಅಪ್ಪನ ಮುಂದೆ ಬಾಯಿ ಬಿಟ್ಟಾಗ. ಅದಕ್ಕೂ ಮುಂಚೆ ಅವನು ಏನು ಮಾಡಿದ್ದ ಹೇಳು? ಅಪ್ಪ ತೋರಿಸಿದ ಹುಡುಗಿಗೆ ಹೂಂ ಅಂದು ನಿಶ್ಚಿತಾರ್ಥಕ್ಕೆ ಕೂತಿದ್ದ. ಆ ಸುಬ್ಬುಲಕ್ಷ್ಮಿಯ ಗತಿ ಏನು ಅಂತ ಥಿಯೇಟರಿನಿಂದ ಹೊರಗೆ ಬಂದ ಯಾರೂ ಕೇಳಲಿಲ್ಲ. ನನಗೆ ಮಾತ್ರ ಅವಳದೇ ಚಿಂತೆ.

ನಿಮ್ಮಪ್ಪ ಈಗಾಗಲೇ ಎರಡು ಜಾತಕ ತರಿಸಿದ್ದಾನೆ. ನೀನು 'ನೋಡೋಣ' ಅಂದಿದ್ದೀಯಂತೆ. ನಮ್ಮ ಮನೆಯಲ್ಲಿ 'ನೋಡೋಣ' ಅಂದರೆ ಹೂಂ ಅಂತಲೇ ಅರ್ಥ, ನಿನಗೇ ಗೊತ್ತಲ್ಲ.

ಶೇಖರ್ ಕಮ್ಮುಲ ಅವರ 'ಆನಂದ್' ನೀನು ನೋಡಿಲ್ಲ ಅನ್ನಿಸುತ್ತದೆ. 2004ರದ್ದು. ಒಳ್ಳೆ ಕಾಫಿಯಂಥ ಸಿನಿಮಾ ಅಂತ ಪೋಸ್ಟರಿನಲ್ಲೇ ಹಾಕಿದ್ದರು. ಹುಡುಗಿ ತೀರಿಕೊಂಡ ಅಮ್ಮನ ಸೀರೆ ಉಟ್ಟು ಮದುವೆಗೆ ಕೂರಬೇಕು ಅಂತಿರುತ್ತಾಳೆ. ಅತ್ತೆಯಾಗುವವಳು ಬೇಡ ಅನ್ನುತ್ತಾಳೆ. ಮದುಮಗ ಪಾಪ, ಒಳ್ಳೆಯವನೇ, ಆದರೆ ಸುಮ್ನೆ ನಿಲ್ಲುತ್ತಾನೆ. ಹುಡುಗಿ ಮದುವೆಯನ್ನೇ ಬಿಟ್ಟು ಎದ್ದು ನಡೆಯುತ್ತಾಳೆ. ಒಂದು ಸೀರೆಗಾ ಇಷ್ಟೆಲ್ಲ ಅಂತ ಪಕ್ಕದ ಸೀಟಿನವರು ಗೊಣಗಿದರು. ನನಗೆ ಗಂಟಲು ಕಟ್ಟಿತ್ತು.

ಯಾಕೆ ಅಂತ ಯಾರಿಗೂ ಹೇಳಿಲ್ಲ, ನಿನಗೆ ಹೇಳ್ತೀನಿ. 1986ರಲ್ಲಿ ನನ್ನ ಮದುವೆಯ ದಿನ ಬೀಗರ ಪಂಕ್ತಿಗೆ ಹೋಳಿಗೆ ಬರುವುದು ತಡವಾಯಿತು. ಅವರ ಕಡೆಯ ಹಿರಿಯರೊಬ್ಬರು ಎಲೆ ಮುಂದಿನಿಂದ ಎದ್ದೇಬಿಟ್ಟರು. ನಮ್ಮಪ್ಪ, ಅಂದರೆ ನಿಮ್ಮ ತಾತ, ಹೆಗಲ ಮೇಲಿನ ಟವೆಲ್ ಕೈಯಲ್ಲಿ ಹಿಡಿದು 'ತಪ್ಪಾಯಿತು' ಅಂತ ಮೂರು ಸಲ ಅಂದ. ಹತ್ತು ಮಾರು ದೂರದಲ್ಲಿ ನಿಮ್ಮ ಮಾವ ಬಾಸಿಂಗ ಕಟ್ಟಿಕೊಂಡು, ಕೈಯಲ್ಲಿದ್ದ ತೆಂಗಿನಕಾಯಿಯನ್ನೇ ನೋಡುತ್ತ ಕೂತಿದ್ದರು. ಒಳ್ಳೆಯ ಮನುಷ್ಯ, ಆಮೇಲೆ ಒಂದು ದಿನವೂ ನನಗೆ ಎದುರು ಮಾತಾಡಿದವರಲ್ಲ. ಆದರೂ ಆ ತೆಂಗಿನಕಾಯಿ ನನಗೆ ಇವತ್ತಿಗೂ ಕಾಣುತ್ತದೆ. 'ಬಿಡಿ ದೊಡ್ಡಪ್ಪ, ಕೂತ್ಕೊಳ್ಳಿ' ಅಂದಿದ್ದರೆ ಸಾಕಿತ್ತು.

ಅದಕ್ಕೇ ಹೇಳ್ತಿದ್ದೀನಿ, ದೊಡ್ಡ ಡೈಲಾಗ್ ಬರೆದಿಟ್ಟುಕೊಂಡು ಕಾಯಬೇಡ. ಜಾತಕ ಬಂದರೆ ಅವತ್ತೇ ಬೇಡ ಅನ್ನು. ನಾಳೆ ಅವಳ ಅಡುಗೆಗೆ, ಉಡುಪಿಗೆ ಯಾರಾದರೂ ಕೊಂಕು ತೆಗೆದರೆ ಅಲ್ಲೇ ಮೆತ್ತಗೆ ಒಂದು ಮಾತು ಆಡು. ಬೈಯುವವಳು ನಿಮ್ಮಮ್ಮನೇ ಆಗಿದ್ದರೂ ಸರಿ, ನಾನೇ ಆಗಿದ್ದರೂ ಸರಿ.

ಇನ್ನೊಂದು. 'ಬೊಮ್ಮರಿಲ್ಲು' ಕೊನೆಯಲ್ಲಿ ಹುಡುಗನೂ ಹುಡುಗಿಯ ಮನೆಗೆ ಒಂದು ವಾರ ಇರಲು ಹೋಗುತ್ತಾನೆ. ಅದು ಯಾರಿಗೂ ನೆನಪಿರುವುದಿಲ್ಲ. ನೀನು ಅಲ್ಲಿಂದ ಶುರು ಮಾಡು. ಹೈದರಾಬಾದಿನಲ್ಲೇ ಇದ್ದೀಯ, ಮೊದಲು ಅವಳ ಅಪ್ಪ ಅಮ್ಮನನ್ನು ನೋಡು. ಪಡಸಾಲೆಯಲ್ಲಿ ಕೂತು ಕಾಫಿ ಕುಡಿದು ಬರಬೇಡ, ಅಡುಗೆಮನೆಗೂ ಹೋಗು, ತಿಂದ ತಟ್ಟೆ ತೊಳೆ. 'ಫಿದಾ' ಸಿನಿಮಾದಲ್ಲಿ ಸಾಯಿ ಪಲ್ಲವಿ ಟ್ರ್ಯಾಕ್ಟರ್ ಓಡಿಸುವ, ತೆಲಂಗಾಣದ ಬಾನ್ಸವಾಡದ ಹುಡುಗಿ. ಮದುವೆಯಾದರೆ ಹುಡುಗಿಯೇ ಯಾಕೆ ಮನೆ ಬಿಟ್ಟು ಹೋಗಬೇಕು ಅಂತ ಕೇಳುತ್ತಾಳೆ. ಕೊನೆಗೆ ಅಮೆರಿಕದ ಹುಡುಗನೇ ಊರಿಗೆ ಬರುತ್ತಾನೆ. ನಿನ್ನನ್ನು ಮನೆ ಅಳಿಯ ಆಗು ಅಂತಿಲ್ಲ. (ಆಗಿದ್ದರೂ ಅದೇನೂ ಹೊಸತಲ್ಲ. ಇಲ್ಲರಿಕಂ ಅಂತ ಅವರ ಭಾಷೆಯಲ್ಲಿ ಅದಕ್ಕೊಂದು ಹೆಸರೇ ಇದೆ.) ಅವಳು ಒಬ್ಬಳೇ ಮಗಳು ಅಂದೆಯಲ್ಲ, ಅವರಿಗೆ ವಯಸ್ಸಾದ ಮೇಲೆ ಯಾರು ನೋಡ್ಕೊಳ್ತಾರೆ ಅಂತ ಇಬ್ಬರೂ ಮಾತಾಡಿದ್ದೀರಾ? ನಿಮ್ಮಮ್ಮ ಕೇಳುವ ಮೊದಲ ಪ್ರಶ್ನೆ ಅದೇ.

'ಅರ್ಜುನ್ ರೆಡ್ಡಿ' ಬಂದಾಗ ನೀನು, ನಿನ್ನ ಗೆಳೆಯರು ಕುಣಿದಿದ್ದು ನೆನಪಿದೆ. ಅದರ ಕಾಲೇಜಿನ ಕಥೆ ನಮ್ಮ ಮಂಗಳೂರಿನ ಮೆಡಿಕಲ್ ಕಾಲೇಜಿನದ್ದೇ! ಈ ಹುಡುಗಿ ನನ್ನವಳು ಅಂತ ಕ್ಲಾಸಿಗೆಲ್ಲ ಸಾರಿದ ಆ ಹೀರೋ ಅವಳನ್ನು ಒಂದು ಮಾತು ಕೇಳಿರಲಿಲ್ಲ. ನೀನು ಆ ಜಾತಿಯವನಲ್ಲ ಬಿಡು. ಆದರೂ ದಸರೆಯ ಪ್ಲಾನ್ ಅವಳಿಗೆ ಗೊತ್ತಾ?

ನಿಮ್ಮಪ್ಪನ ವಿಷಯಕ್ಕೆ ಬರ್ತೀನಿ. 'ಮರೋಚರಿತ್ರ' ಅಂತ ಬಾಲಚಂದರ್ ಸಿನಿಮಾ, 1978ರದ್ದು. ತಮಿಳು ಹುಡುಗ, ತೆಲುಗು ಹುಡುಗಿ, ಎರಡೂ ಮನೆಯವರು ಒಂದು ವರ್ಷ ದೂರ ಇರಿ ಅಂತ ಷರತ್ತು ಹಾಕುತ್ತಾರೆ. ಬೆಂಗಳೂರಿನಲ್ಲಿ ತೆಲುಗಿನಲ್ಲೇ ಅದು ವರ್ಷಕ್ಕೂ ಜಾಸ್ತಿ ಓಡಿತು. ಆಗ ಅಣ್ಣ ಅಲ್ಲಿ ಕಾಲೇಜು ಓದುತ್ತಿದ್ದ. ರಜೆಗೆ ಬಂದವನು ಆರು ಸಲ ನೋಡಿದೆ ಅಂತ ನನಗೆ ಗುಟ್ಟಾಗಿ ಹೇಳಿದ. ಕೊನೆಯಲ್ಲಿ ಇಬ್ಬರೂ ಸಾಯುತ್ತಾರಲ್ಲ, ಅದನ್ನು ಹೇಳುವಾಗ ಮುಖ ಆಚೆ ತಿರುಗಿಸಿಕೊಂಡ. ಇವತ್ತು ಜಾತಕ ತರಿಸುತ್ತಿರುವವನು ಅದೇ ಮನುಷ್ಯ.

ಭಾನುವಾರ ಸಂಜೆ ಆರೂವರೆ ಮೇಲೆ ಫೋನ್ ಮಾಡು. ವಾಕಿಂಗ್ ಮುಗಿಸಿ ಕಟ್ಟೆ ಮೇಲೆ ಒಬ್ಬನೇ ಕೂತಿರುತ್ತಾನೆ. ಹುಡುಗಿಯ ಹೆಸರನ್ನೇ ಮೊದಲು ಹೇಳು. ಕೂಗಾಡಿದರೆ ಕೂಗಾಡಲಿ. ಆರು ಸಲದ ವಿಷಯ ನಾನು ಹೇಳಿದೆ ಅನ್ನಬೇಡ.

ಇಂತಿ ನಿನ್ನ ಅತ್ತೆ