ನಿರಾಶ್ರಿತರ ಕಲೆಗೂ ನೆರವು ಬೇಕು

ಮಾನ್ಯ ಸಂಪಾದಕರೇ,

ನಿರಾಶ್ರಿತರ ಕುರಿತ ವರದಿಗಳಲ್ಲಿ ಡೇರೆ, ಪಡಿತರ, ಔಷಧಗಳ ಲೆಕ್ಕವಿರುತ್ತದೆ, ಅದು ಇರಲೇಬೇಕು. ಆದರೆ ನೆಲೆ ಕಳೆದುಕೊಂಡವರು ತಮ್ಮ ಕೈಯಾರೆ ಏನನ್ನು ಸೃಷ್ಟಿಸುತ್ತಿದ್ದಾರೆ ಎಂಬುದು ಅಲ್ಲಿ ಕಾಣುವುದು ಅಪರೂಪ.

1975ರ ನಂತರ ಲಾವೋಸ್‌ನಿಂದ ಓಡಿಬಂದು ಥಾಯ್ಲೆಂಡ್‌ನ ಶಿಬಿರಗಳನ್ನು ಸೇರಿದ ಹ್ಮಾಂಗ್ ಸಮುದಾಯದ ಹೆಂಗಸರು, ಅದುವರೆಗೆ ಉಡುಪುಗಳಿಗೆ ಚಿತ್ತಾರ ಹಾಕುತ್ತಿದ್ದ ಸೂಜಿಯಿಂದಲೇ ಕಥೆ ಹೇಳುವ ಬಟ್ಟೆಗಳನ್ನು ಹೊಲಿಯತೊಡಗಿದರು. ಅಂಥ ಬಟ್ಟೆಗಳಲ್ಲಿ ಒಂದೆಡೆ ಹೊಲ, ಮನೆ, ಕೋಳಿಗಳು; ಇನ್ನೊಂದೆಡೆ ವಿಮಾನಗಳು, ಬಂದೂಕು ಹಿಡಿದ ಸೈನಿಕರು, ಗಂಟುಮೂಟೆ ಹೊತ್ತು ಗಡಿಯ ಮೆಕಾಂಗ್ ನದಿ ದಾಟುತ್ತಿರುವ ಸಂಸಾರಗಳು. ಬಾಯಿ ಬಿಟ್ಟು ಹೇಳಲಾಗದ್ದನ್ನು ದಾರ ಹೇಳಿತು. ಮಾರಾಟವಾದ ಬಟ್ಟೆ ನಾಲ್ಕು ಕಾಸನ್ನೂ ತಂದಿತು. ಇದೂ ಸಣ್ಣ ಸಂಗತಿಯಲ್ಲ.

ಜೋರ್ಡಾನ್‌ನಲ್ಲಿ 2012ರಲ್ಲಿ ತೆರೆದ ಝಾತರಿ ಶಿಬಿರದಲ್ಲಿ ಸಿರಿಯಾದ ಕಲಾವಿದರು ಪ್ರಾಚೀನ ನಗರ ಪಾಲ್ಮೈರಾದ ಅವಶೇಷಗಳಂಥ ತಮ್ಮ ನಾಡಿನ ಸ್ಮಾರಕಗಳ ಪುಟ್ಟ ಮಾದರಿಗಳನ್ನು ಜೇಡಿಮಣ್ಣು, ಮರದ ಕಡ್ಡಿಗಳಿಂದ ಮಾಡಿದರು. ಶಿಬಿರದಲ್ಲೇ ಬೆಳೆಯುವ ಮಕ್ಕಳು ತಾವು ನೋಡಿಯೇ ಇರದ ತಾಯ್ನಾಡನ್ನು ಅವುಗಳಲ್ಲಿ ಕಾಣಬಹುದು.

ಕಳೆದುಕೊಂಡ ಮನೆಯನ್ನು ಕಲೆ ಮರಳಿ ಕೊಡದು, ಪೌರತ್ವವನ್ನೂ ಕೊಡದು; ಇದನ್ನು ಒಪ್ಪುತ್ತೇನೆ. ಆದರೆ ವರ್ಷಗಟ್ಟಲೆ ಕಾಯುವುದೇ ಬದುಕಾಗಿಬಿಟ್ಟವರಿಗೆ ಇಂದು ಶುರುಮಾಡಿ ನಾಳೆ ಮುಗಿಸಬಹುದಾದ ಕೆಲಸವೊಂದು ಕೈಯಲ್ಲಿರುವುದು ಎಷ್ಟು ದೊಡ್ಡ ಆಸರೆ! ಆದ್ದರಿಂದ ಪರಿಹಾರ ಸಂಸ್ಥೆಗಳು ಬಣ್ಣ, ದಾರ, ವಾದ್ಯಗಳನ್ನು ಹಣ ಉಳಿದರೆ ಕೊಡುವ ವಸ್ತುಗಳೆಂದು ಭಾವಿಸದೆ ನೆರವಿನ ಮೊದಲ ಪಟ್ಟಿಯಲ್ಲೇ ಸೇರಿಸಬೇಕೆಂದೂ, ಪತ್ರಿಕೆಗಳು ಈ ಜನರನ್ನು ಕಲಾವಿದರೆಂದೇ ಪರಿಚಯಿಸಬೇಕೆಂದೂ ವಿನಂತಿಸುತ್ತೇನೆ.

ಇತಿ,
ನಿಮ್ಮ ಓದುಗ