‘ಅವರು’ ಎಲ್ಲಿ ‘ಅವನು’ ಆದರು?

ಪ್ರೀತಿಯ ತಂಗಿ,

ಸೋವಿಯತ್ ಇತಿಹಾಸಕಾರ ಮಿಖಾಯಿಲ್ ಪೊಕ್ರೋವ್‌ಸ್ಕಿಯ ಬಗ್ಗೆ ನೀನು ಬರೆದ ಲೇಖನದ ಕರಡನ್ನು ಎರಡು ಸಲ ಓದಿದೆ. ಎರಡನೆಯ ಓದಿನಲ್ಲಿ ಪೆನ್ಸಿಲ್ ಹಿಡಿದು ಒಂದೇ ಸಂಗತಿಗೆ ಗುರುತು ಹಾಕುತ್ತ ಹೋದೆ. ಮೊದಲ ನಾಲ್ಕು ಪುಟಗಳಲ್ಲಿ ಪೊಕ್ರೋವ್‌ಸ್ಕಿ ‘ಅವರು’. ಪಾಠ ಹೇಳುತ್ತಾರೆ, ಪೊಲೀಸರ ಕಣ್ಗಾವಲಿನಲ್ಲಿ ಬದುಕುತ್ತಾರೆ, ದೇಶ ಬಿಡುತ್ತಾರೆ. ಐದನೆಯ ಪುಟದಲ್ಲಿ ಅಧಿಕಾರ ಕೈಗೆ ಬಂದದ್ದೇ ತಡ, ಅದೇ ಮನುಷ್ಯ ‘ಅವನು’ ಆಗಿದ್ದಾನೆ. ಇದನ್ನು ನೀನು ಬೇಕೆಂದೇ ಮಾಡಿಲ್ಲ ಎಂದು ಬಲ್ಲೆ. ಆದರೆ ಕನ್ನಡದಲ್ಲಿ ಕ್ರಿಯಾಪದದ ಬಾಲ ಬದಲಾಯಿತೆಂದರೆ ತೀರ್ಪು ಕೊಟ್ಟಂತೆಯೇ. ಸಾಕ್ಷ್ಯವನ್ನು ಮುಂದಿಡುವ ಮೊದಲೇ ನೀನು ಶಿಕ್ಷೆ ಓದಿಬಿಟ್ಟಿದ್ದೀಯೆ. ಈ ಪತ್ರದುದ್ದಕ್ಕೂ ನಾನು ‘ಆತ’ ಎನ್ನುತ್ತೇನೆ. ನಿನಗೆ ಸರಿ ಕಂಡದ್ದನ್ನು ಆರಿಸಿಕೋ, ಆದರೆ ಕೊನೆಯ ಸಾಲಿನವರೆಗೂ ಅದನ್ನೇ ಉಳಿಸಿಕೋ.

ಇಷ್ಟು ಹಠವೇಕೆಂದರೆ, ಈ ಬದುಕಿನ ತಿರುಳೇ ಅಲ್ಲಿದೆ. ಉಪನ್ಯಾಸ ಕೊಡಬಾರದೆಂದು ತ್ಸಾರ್ ಸರ್ಕಾರದಿಂದ ನಿಷೇಧಕ್ಕೆ ಒಳಗಾದವನೂ, ಮುಂದೆ ಇತರರ ಬಾಯಿ ಕಟ್ಟುವ ಕೆಲಸಕ್ಕೆ ಮಾತಿನ ಬಲ ಕೊಟ್ಟವನೂ ಬೇರೆ ಬೇರೆಯವರಲ್ಲ. ಒಬ್ಬನೇ ಮನುಷ್ಯನಿಂದ ಎರಡೂ ಹೇಗಾಯಿತು ಎಂದು ಓದುಗ ಕೇಳುವಂತಾಗಬೇಕು. ಇಬ್ಬರನ್ನು ಮಾಡಿಬಿಟ್ಟರೆ ಆ ಪ್ರಶ್ನೆಯೇ ಹುಟ್ಟುವುದಿಲ್ಲ.

ಆರಂಭದ ಭಾಗವನ್ನು ಕಿರಿದುಗೊಳಿಸು. 1868ರಲ್ಲಿ ಮಾಸ್ಕೋದಲ್ಲಿ ಹುಟ್ಟಿದ್ದು, ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಕ್ಲ್ಯುಚೆವ್‌ಸ್ಕಿ, ವಿನೊಗ್ರಾದೋವ್ ಅವರಂಥ ಗುರುಗಳು ಸಿಕ್ಕಿದ್ದು, 1891ರಲ್ಲಿ ಪದವಿ, ಆಮೇಲೆ ಶಾಲೆಗಳಲ್ಲೂ ಮಹಿಳೆಯರ ಉನ್ನತ ತರಗತಿಗಳಲ್ಲೂ ಇತಿಹಾಸ ಪಾಠ, 1905ರಲ್ಲಿ ಲೆನಿನ್‌ನ ಬೋಲ್ಶೆವಿಕ್ ಪಕ್ಷ ಸೇರಿದ್ದು, ಫ್ರಾನ್ಸಿನಲ್ಲಿ ದೇಶಭ್ರಷ್ಟ ಬದುಕು, ಅಲ್ಲಿ ಕೂತು ಬರೆದ ರಷ್ಯಾ ಇತಿಹಾಸದ ಸಂಪುಟಗಳು. ಒಂದು ಪುಟ ಸಾಕು. ನೀನು ಮೂರೂವರೆ ಪುಟ ಬರೆದಿದ್ದೀಯೆ.

ಮುಂದಿನ ಹುದ್ದೆಗಳನ್ನಾದರೋ ಶ್ರದ್ಧಾಂಜಲಿ ಬರಹದಲ್ಲಿ ಪೋಣಿಸಿದಂತೆ ಪೋಣಿಸಿದ್ದೀಯೆ: ಮಾಸ್ಕೋ ಸೋವಿಯತ್ತಿನ ಅಧ್ಯಕ್ಷ, 1918ರಿಂದ ಸಾಯುವವರೆಗೆ ಶಿಕ್ಷಣ ಖಾತೆಯ ಉಪ ಕಮಿಸಾರ್ ಅಂದರೆ ಉಪಮಂತ್ರಿ, ಕೇಂದ್ರ ಪತ್ರಾಗಾರದ ಮುಖ್ಯಸ್ಥ, ಮಾರ್ಕ್ಸ್‌ವಾದಿ ಅಧ್ಯಾಪಕರನ್ನು ತಯಾರಿಸಲು 1921ರಲ್ಲಿ ಶುರುವಾದ ಕೆಂಪು ಪ್ರಾಧ್ಯಾಪಕರ ಸಂಸ್ಥೆಯ ರೆಕ್ಟರ್. ಹುದ್ದೆಯ ಹೆಸರು ಏನನ್ನೂ ಹೇಳುವುದಿಲ್ಲ, ತಂಗಿ. ಆ ಕುರ್ಚಿಯಲ್ಲಿ ಕೂತಾಗ ನಡೆದದ್ದೇನು? ಆತನ ಕಾಲದಲ್ಲಿ ಸೋವಿಯತ್ ಶಾಲೆಗಳಲ್ಲಿ ಇತಿಹಾಸವೆಂಬ ಪ್ರತ್ಯೇಕ ವಿಷಯವೇ ಮರೆಯಾಯಿತು, ಸಮಾಜ ಅಧ್ಯಯನದೊಳಗೆ ಕರಗಿಹೋಯಿತು. ಇತಿಹಾಸದ ಮೇಷ್ಟರು ಶಿಕ್ಷಣ ಖಾತೆಯಲ್ಲಿ ಕೂತಿದ್ದಾಗ ಇತಿಹಾಸದ ಪೀರಿಯಡ್ಡೇ ವೇಳಾಪಟ್ಟಿಯಿಂದ ಹೋಯಿತು! ಇಷ್ಟು ದೊಡ್ಡ ಸಂಗತಿ ನಿನ್ನ ಕರಡಿನಲ್ಲಿ ಎಲ್ಲೂ ಇಲ್ಲ.

ನೀನು ಬಿಟ್ಟ ಇನ್ನೊಂದು ದೃಶ್ಯವಿದೆ. 1917ರ ಕೊನೆಯಲ್ಲಿ ಬ್ರೆಸ್ಟ್-ಲಿಟೋವ್‌ಸ್ಕಿನಲ್ಲಿ ಜರ್ಮನರೊಡನೆ ಶಾಂತಿ ಮಾತುಕತೆ ನಡೆದಾಗ ಆತನೂ ಬೋಲ್ಶೆವಿಕ್ ಸರ್ಕಾರದ ನಿಯೋಗದಲ್ಲಿದ್ದ. ವಶಪಡಿಸಿಕೊಂಡ ನೆಲವನ್ನು ಬಿಟ್ಟುಕೊಡುವುದಿಲ್ಲ ಎಂದು ಜರ್ಮನರು ಸ್ಪಷ್ಟಪಡಿಸಿದಾಗ ಆತ ಸಿಟ್ಟಿನಿಂದ ಕಣ್ಣೀರಿಟ್ಟ, ಹದಿನೆಂಟು ಪ್ರಾಂತಗಳನ್ನು ರಷ್ಯಾದಿಂದ ಕಿತ್ತುಕೊಂಡು ಇದೆಂಥ ಶಾಂತಿ ಎಂದು ಕೇಳಿದ ಎಂಬುದು ಎದುರು ಪಕ್ಷದವರ ನೆನಪುಗಳಲ್ಲಿ ದಾಖಲಾಗಿದೆ. ತ್ಸಾರರ ಸಾಮ್ರಾಜ್ಯ ಬೆಳೆದದ್ದೇ ಲೂಟಿಯಿಂದ ಎಂದು ಬರೆದವನು, ಅರಸೊತ್ತಿಗೆಯೆಂದರೆ ತ್ಸಾರರ ಪಟ್ಟಾಭಿಷೇಕದ ಮೊನೊಮಾಖನ ಕಿರೀಟ ತೊಟ್ಟ ವರ್ತಕ ಬಂಡವಾಳ ಎಂದವನು ಆತ. ಆ ಪುಸ್ತಕಗಳ ಪಕ್ಕದಲ್ಲಿ ಈ ಕಣ್ಣೀರನ್ನು ಇಡು. ವಿವರಣೆ ಕೊಡಲು ಹೋಗಬೇಡ.

ಈಗ ನೀನು ಲೇಖನಕ್ಕೆ ಶಿರೋನಾಮೆಯಾಗಿ ಬಳಸಿದ ಮಾತು: ಇತಿಹಾಸವೆಂದರೆ ಗತಕಾಲದ ಮೇಲೆ ಮಗುಚಿದ ರಾಜಕೀಯ, ಅಂದರೆ ಇಂದಿನ ರಾಜಕೀಯವನ್ನೇ ಹಿಂದಿನ ಕಾಲದ ಮೇಲೆ ಹೇರಿದ್ದು. ಇದನ್ನು ಪೊಕ್ರೋವ್‌ಸ್ಕಿಯ ಸಿದ್ಧಾಂತವೆಂದು ಕೊಟ್ಟಿದ್ದೀಯೆ. ನೀನೊಬ್ಬಳೇ ಅಲ್ಲ, ಎಷ್ಟೋ ಜನ ಹಾಗೆಯೇ ಬರೆಯುತ್ತಾರೆ. ಆದರೆ 1920ರ ದಶಕದ ಕೊನೆಯಲ್ಲಿ ಆತ ಅದನ್ನು ಹೇಳಿದ್ದು ಚಿಚೆರಿನ್, ಕವೇಲಿನ್, ಕ್ಲ್ಯುಚೆವ್‌ಸ್ಕಿ ಮುಂತಾದ ಹಳೆಯ ಇತಿಹಾಸಕಾರರ ಬಗ್ಗೆ. ಆ ಮಹನೀಯರು ಬರೆದ ಇತಿಹಾಸ ಮಗುಚಿದ ರಾಜಕೀಯವಲ್ಲದೆ ಬೇರೇನೂ ಅಲ್ಲ ಎಂಬುದು ಆತನ ಆರೋಪ. ಆರೋಪ ಮಾಡಿದವನ ತಲೆಗೇ ಅದನ್ನು ಕಟ್ಟಲಾಯಿತು. ಆತ ಮಾಡಿದ್ದೂ ಅದನ್ನೇ ಅಲ್ಲವೇ ಎಂದು ನೀನು ವಾದಿಸಬಹುದು, ನಾನೂ ಬಹುಮಟ್ಟಿಗೆ ಒಪ್ಪುತ್ತೇನೆ. ಆದರೆ ಅದನ್ನು ಆತನ ಕೆಲಸಗಳಿಂದ ಸಾಧಿಸಿ ತೋರಿಸು. ಅರ್ಧ ಕತ್ತರಿಸಿದ ವಾಕ್ಯವನ್ನು ತಪ್ಪೊಪ್ಪಿಗೆಯೆಂದು ಹಿಡಿಯಬೇಡ. ನನ್ನ ಮೂವತ್ತರ ವಯಸ್ಸಿನಲ್ಲಿ ಒಬ್ಬ ಹಿರಿಯರ ಬಗ್ಗೆ ಹೀಗೆಯೇ ಬಾಯಿಂದ ಬಾಯಿಗೆ ಬಂದ ಮಾತೊಂದನ್ನು ಪರೀಕ್ಷಿಸದೆ ಅಚ್ಚಿಗೆ ಕೊಟ್ಟಿದ್ದೆ. ಅವರು ಆಗ ಬದುಕಿರಲಿಲ್ಲ, ಅಲ್ಲವೆನ್ನಲು ಯಾರೂ ಇರಲಿಲ್ಲ. ಆ ಸಂಕಟ ಇನ್ನೂ ಹೋಗಿಲ್ಲ.

ಇದಕ್ಕೊಂದು ಉಪಾಯ ನಿನ್ನ ಲೇಖನದ ನಾಯಕನ ಬದುಕಿನಲ್ಲೇ ಇದೆ. ಆತನ ಸಂಕ್ಷಿಪ್ತ ರಷ್ಯಾ ಇತಿಹಾಸವನ್ನು ಓದಿ ಲೆನಿನ್ 1920ರ ಡಿಸೆಂಬರ್ 5ರಂದು ಪತ್ರ ಬರೆದ. ಪುಸ್ತಕವನ್ನು ಮನಸಾರೆ ಹೊಗಳಿ, ಇದು ಪಠ್ಯವಾಗಬೇಕಾದರೆ ಕಾಲಾನುಕ್ರಮದ ಪಟ್ಟಿ ಸೇರಿಸಬೇಕು ಎಂದ. ಒಂದು ಅಂಕಣದಲ್ಲಿ ಇಸವಿ, ಇನ್ನೊಂದರಲ್ಲಿ ಹಳೆಯ ಬೂರ್ಜ್ವಾ ಪಂಡಿತರ ಅಭಿಪ್ರಾಯ, ಮೂರನೆಯದರಲ್ಲಿ ನಿಮ್ಮ ಅಭಿಪ್ರಾಯ. ವಿದ್ಯಾರ್ಥಿಗಳು ಮೇಲುಮೇಲೆ ತೇಲದೆ ಸಂಗತಿಗಳನ್ನು ತಿಳಿಯಲಿ, ಹೋಲಿಸಲು ಕಲಿಯಲಿ ಎಂಬುದು ಅದರ ಉದ್ದೇಶ. ನೀನೂ ಒಂದು ದೊಡ್ಡ ಹಾಳೆಯಲ್ಲಿ ಮೂರು ಅಂಕಣ ಎಳೆ. ಇಸವಿ, ಆತನನ್ನು ಮೆಚ್ಚುವವರು ಹೇಳುವುದು, ದ್ವೇಷಿಸುವವರು ಹೇಳುವುದು. ಬರೆಯುವಾಗ ಅದು ಕಣ್ಣೆದುರಿಗಿರಲಿ.

ಹಾಗೆ ಮಾಡಿದರೆ 1929ರಿಂದ 1931ರವರೆಗಿನ ಸಾಲುಗಳಲ್ಲಿ ನಿನ್ನ ಕೈ ತಾನಾಗಿ ನಿಲ್ಲುತ್ತದೆ. 1929ರ ಜನವರಿಯಲ್ಲಿ ಪೊಕ್ರೋವ್‌ಸ್ಕಿ ವಿಜ್ಞಾನ ಅಕಾಡೆಮಿಯ ಸದಸ್ಯನಾದ. ಅದೇ ವರ್ಷದ ಕೊನೆಗೆ ‘ಅಕಾಡೆಮಿ ಮೊಕದ್ದಮೆ’ ಶುರುವಾಯಿತು. ಕೊನೆಯ ತ್ಸಾರ್‌ನ ಪದತ್ಯಾಗಕ್ಕೆ ಸಂಬಂಧಿಸಿದ ಕಾಗದಪತ್ರಗಳನ್ನು ಅಕಾಡೆಮಿ ಬಚ್ಚಿಟ್ಟಿದೆ ಎಂಬುದು ನೆಪ. ನೂರಕ್ಕೂ ಹೆಚ್ಚು ಜನರ ಬಂಧನವಾಯಿತು. ಎಪ್ಪತ್ತರ ಹೊಸ್ತಿಲಲ್ಲಿದ್ದ ಸೆರ್ಗೆಯ್ ಪ್ಲಾಟೊನೊವ್ ಸಮಾರಾಕ್ಕೆ ಗಡಿಪಾರಾದರು, ಯೆವ್ಗೆನಿ ತಾರ್ಲೆ ಆಲ್ಮಾ-ಆತಾಗೆ. ಹಿಡಿದದ್ದು ಗುಪ್ತ ಪೊಲೀಸರು ನಿಜ. ಆದರೆ ಈ ಇತಿಹಾಸಕಾರರು ವರ್ಗಶತ್ರುಗಳು ಎಂಬ ಭಾಷೆಯನ್ನು ವರ್ಷಗಟ್ಟಲೆ ಲೇಖನಗಳಲ್ಲಿ, ಸಭೆಗಳಲ್ಲಿ ಕಟ್ಟಿಕೊಟ್ಟವರಲ್ಲಿ ಪೊಕ್ರೋವ್‌ಸ್ಕಿ ಮೊದಲಿಗ. ನಿನ್ನ ಕರಡಿನಲ್ಲಿ ಇದಕ್ಕೆ ಸಿಕ್ಕಿರುವುದು ಎರಡು ಸಾಲು. ಲೇಖನದ ಹೃದಯ ಇದು. ಇಲ್ಲಿ ನಿಧಾನಿಸು. ತರಗತಿಗೆ ಹೋಗಬೇಡ ಎಂದರೆ ಮೇಷ್ಟರೊಬ್ಬರಿಗೆ ಏನಾಗುತ್ತದೆಂದು ಆತನಿಗೆ ಗೊತ್ತಿತ್ತು. ಗೊತ್ತಿದ್ದೂ ಮಾಡಿದ.

ಸಾವಿನ ನಂತರದ್ದನ್ನು ಮಾತ್ರ ‘ಮಾಡಿದ್ದುಣ್ಣೋ ಮಹರಾಯ’ ಎಂಬ ಧಾಟಿಯಲ್ಲಿ ಬರೆದಿದ್ದೀಯೆ, ಅದು ನನಗೆ ನೋವು ತಂದಿತು. 1932ರ ಏಪ್ರಿಲ್ 10ರಂದು ಆತ ಕ್ಯಾನ್ಸರಿನಿಂದ ತೀರಿಕೊಂಡ. ಅಸ್ಥಿಯನ್ನು ಕ್ರೆಮ್ಲಿನ್ ಗೋಡೆಯಲ್ಲಿಟ್ಟರು, ಮಾಸ್ಕೋ ವಿಶ್ವವಿದ್ಯಾಲಯಕ್ಕೆ ಆತನ ಹೆಸರಿಟ್ಟರು. 1934ರ ಮೇ ತಿಂಗಳ ಸರ್ಕಾರಿ ಆದೇಶ ಇತಿಹಾಸವನ್ನು ಶಾಲೆಗೆ ಮರಳಿ ತಂದಿತು. ಅಮೂರ್ತ ಸೂತ್ರಗಳು ಬೇಡ, ಹೆಸರು ಇಸವಿ ಘಟನೆ ಬೇಕು ಎಂದಿತು. 1936ರಿಂದ ಬಹಿರಂಗ ಖಂಡನೆ, 1937ರಲ್ಲಿ ವಿಶ್ವವಿದ್ಯಾಲಯದ ಹೆಸರೂ ಹೋಯಿತು. ಆದರೆ ಅದೇ ವರ್ಷ ಗುಂಡಿಗೆ ಬಲಿಯಾದ ವನಾಗ್, ಫ್ರಿಡ್‌ಲ್ಯಾಂಡ್, ಪಿಯೊಂಟ್ಕೊವ್‌ಸ್ಕಿ ಇವರೆಲ್ಲ ಆತನ ಬಳಗದ ಇತಿಹಾಸಕಾರರು. ಶಿಷ್ಯೆ ಅನ್ನಾ ಪಂಕ್ರಾತೊವಾ ಸರಾತೊವ್‌ಗೆ ಗಡಿಪಾರಾಗಿ, ಆಮೇಲೆ 1939ರಲ್ಲಿ ಗುರುವಿನ ವಿರುದ್ಧದ ಸಂಕಲನಕ್ಕೇ ಲೇಖನ ಬರೆದಳು. ಸತ್ತವನಿಗೆ ತಕ್ಕ ಶಾಸ್ತಿಯಾಯಿತು ಎಂದು ನೀನು ಬರೆದ ಸಾಲಿನಲ್ಲಿ ಶಿಕ್ಷೆ ಉಂಡವರು ಇವರು. ಆ ಸಾಲನ್ನು ದಯವಿಟ್ಟು ಹೊಡೆದುಹಾಕು.

ಪಟ್ಟಿ ಮಾಡುವಾಗ ಪ್ಲಾಟೊನೊವ್ ಅವರ ಕೊನೆಯ ದಿನವನ್ನೂ ಬರೆದುಕೋ: 1933ರ ಜನವರಿ 10, ಸಮಾರಾ. ಪೊಕ್ರೋವ್‌ಸ್ಕಿ ತೀರಿ ಆ ದಿನಕ್ಕೆ ಸರಿಯಾಗಿ ಒಂಬತ್ತು ತಿಂಗಳು. ಹೊಸ ಕರಡು ಮುಗಿದಾಗ ಕಳಿಸು, ಕಾಯುತ್ತಿರುತ್ತೇನೆ.

ನಿನ್ನ ಅಣ್ಣ